ರಕ್ತಕ್ಕೆ ಎರಡು ದಿನ ಮೊದಲು

ಮೊದಲ ದಿನ ತೆಗೆದ ದೃಶ್ಯಗಳಲ್ಲಿ ಹುಡುಗಿ ಆರೋಗ್ಯವಾಗಿ ಕಂಡಳು. ತೊಂದರೆ ಶುರುವಾದದ್ದು ಅಲ್ಲಿಂದ.

ಅವಳಿಗೆ ಹನ್ನೊಂದು ವರ್ಷ. ನೋಡಿದವರು ಏಳು ಅನ್ನುತ್ತಾರೆ. ಕೈಗೂಸಾಗಿದ್ದಾಗಲೇ ಥಲಸ್ಸೇಮಿಯಾ ಎಂದು ಗೊತ್ತಾಗಿತ್ತು. ಅವಳ ಮೈ ತನಗೆ ಬೇಕಾದಷ್ಟು ರಕ್ತವನ್ನು ತಾನೇ ಮಾಡಿಕೊಳ್ಳಲಾರದು. ಮೂರು ವಾರಕ್ಕೊಮ್ಮೆ ಬೇರೆಯವರ ರಕ್ತ ಏರಿಸಬೇಕು, ಬದುಕಿರುವವರೆಗೂ. ಮನೆ ಬ್ರಹ್ಮಸಮುದ್ರದ ಹತ್ತಿರದ ಒಂದು ಊರಿನಲ್ಲಿ, ರಕ್ತ ಏರಿಸುವ ಕೇಂದ್ರ ಹಿಂದೂಪುರದಲ್ಲಿ. ಅನಂತಪುರ ಇನ್ನೂ ಹತ್ತಿರ. ಆದರೆ ಅವಳಿಗಾಗಿ ರಕ್ತ ಕೊಡುವ ಸೋದರಮಾವಂದಿರು ಇರುವುದು ಹಿಂದೂಪುರದಲ್ಲಿ. ಹಾಗಾಗಿ ಬೆಳಗಿನ ಮೊದಲ ಬಸ್ಸಿಗೆ ಕಲ್ಯಾಣದುರ್ಗ, ಅಲ್ಲಿಂದ ಪಾವಗಡದ ಮೇಲೆ ಇನ್ನೊಂದು ಬಸ್ಸು, ಸಂಜೆ ಅದೇ ದಾರಿಯಲ್ಲಿ ವಾಪಸ್ಸು. ಮೈಯಲ್ಲಿ ರಕ್ತ ತೀರಾ ಇಳಿದಿರುವ ದಿನವೇ ಅವಳು ಅಷ್ಟು ದೂರ ಕೂತು ಬರಬೇಕಾಗಿತ್ತು.

ಇಂಥ ಮಕ್ಕಳಿಗಾಗಿ ಕೆಲಸ ಮಾಡುವ ಒಂದು ಸಂಸ್ಥೆ ಕಲ್ಯಾಣದುರ್ಗದ ಆಸ್ಪತ್ರೆಯೊಂದರಲ್ಲೇ ರಕ್ತ ಏರಿಸುವ ಎರಡು ಹಾಸಿಗೆ ಹಾಕಿಸಲು ಓಡಾಡುತ್ತಿತ್ತು. ಅವು ಬಂದರೆ ಹುಡುಗಿಗೆ ಮುಕ್ಕಾಲು ಗಂಟೆಯ ದಾರಿ. ತೀರ್ಮಾನ ಮಾಡುವವರಿಗೆ ತೋರಿಸಲು ಹತ್ತು ನಿಮಿಷದೊಳಗಿನ ಒಂದು ಚಿತ್ರ ಬೇಕಾಗಿತ್ತು. ನಾನು ಹಿಂದೂಪುರದವಳು. ಕ್ಯಾಮೆರಾ, ಧ್ವನಿ, ಸಂಕಲನ ಮೂರನ್ನೂ ಒಬ್ಬಳೇ ಮಾಡುತ್ತೇನೆ. ಕೆಲಸ ನನಗೆ ಬಂತು.

ಮೊದಲ ದಿನದ ದೃಶ್ಯಗಳನ್ನು ಸಂಸ್ಥೆಯ ಸಂಯೋಜಕರಿಗೆ ಅವರ ಕಚೇರಿಯಲ್ಲೇ ಲ್ಯಾಪ್‌ಟಾಪ್ ತೆರೆದು ತೋರಿಸಿದೆ. ಅವರು ಕನ್ನಡಕ ಒರೆಸಿಕೊಂಡು ಎರಡನೇ ಸಲ ನೋಡಿದರು.

"ಇದ್ಯಾರ ಮಗು ಮೇಡಂ? ಕೆನ್ನೆ ಎಲ್ಲ ಕೆಂಪ್ಗೆ, ಮದ್ವೆ ಮನೇಲಿ ಓಡಾಡೋ ಹುಡುಗಿ ಥರ ಐತಲ್ಲ. ಇದನ್ನ ತಕ್ಕೊಂಡೋಗಿ ಎರಡು ಬೆಡ್ ಕೊಡಿ ಅಂತ ಕೇಳಿದ್ರೆ, ಎರಡು ಹೋಳಿಗೆ ಕೊಡ್ತೀವಿ ಹೋಗ್ರಪ್ಪ ಅಂತಾರೆ."

ಅವರು ಹೇಳಿದ್ದರಲ್ಲಿ ತಪ್ಪಿರಲಿಲ್ಲ. ಕಾರಣ ಹುಡುಕಲು ನನಗೆ ಒಂದು ಸಂಜೆ ಹಿಡಿಯಿತು. ಹುಡುಗಿಯ ಮನೆಯ ಗೋಡೆಗೆ ನೀಲಿ ಬೆರೆಸಿದ ಸುಣ್ಣ ಹೊಡೆದಿದ್ದಾರೆ. ಬಣ್ಣದ ಸಮತೋಲವನ್ನು ನಾನು ಕ್ಯಾಮೆರಾಕ್ಕೇ ಬಿಟ್ಟಿದ್ದೆ. ಎದುರಿಗೆ ಅಷ್ಟು ನೀಲಿ ಇದ್ದರೆ ಕ್ಯಾಮೆರಾ ಅದನ್ನು ಸರಿದೂಗಿಸಲು ಇಡೀ ಚಿತ್ರಕ್ಕೆ ಸ್ವಲ್ಪ ಹಳದಿ ಕೆಂಪು ಸೇರಿಸುತ್ತದೆ. ಅದು ಗೋಡೆಗೆ ಮಾಡಿದ ತಿದ್ದುಪಡಿ ಹುಡುಗಿಯ ಮುಖದ ಮೇಲೆ ಬಂದು ಕೂತಿತ್ತು. ಜೊತೆಗೆ ತಾಯಿ ಮಗಳಿಗೆ ಹೊಸ ಫ್ರಾಕು ತೊಡಿಸಿ, ತಲೆ ಬಾಚಿ, ಪೌಡರು ಬಳಿದು ಕೂರಿಸಿದ್ದಳು.

ಎರಡನೇ ಸಲ ಬೂದು ಬಣ್ಣದ ಕಾರ್ಡು ತೆಗೆದುಕೊಂಡು ಹೋದೆ. ಹುಡುಗಿ ಅದನ್ನು ಮುಖದ ಪಕ್ಕ ಹಿಡಿದುಕೊಳ್ಳುವಳು. ನಾನು ಅದನ್ನು ನೋಡಿ ಬಣ್ಣ ನಿಗದಿ ಮಾಡಿ ಬೀಗ ಹಾಕಿದಂತೆ ಹಾಗೇ ಇಡುವೆ. ಕೋಣೆ ಬದಲಾದಾಗ, ಬಿಸಿಲು ಸರಿದಾಗ ಮತ್ತೆ ಅದೇ ಕೆಲಸ. ಸುತ್ತಲಿನ ಕೊಳವೆಬಾವಿಗಳ ಮೋಟಾರು ಸದ್ದು ಎಲ್ಲ ಮಾತಿನ ಹಿಂದೆಯೂ ಬರುತ್ತಿತ್ತು. ತ್ರೀ ಫೇಸ್ ಕರೆಂಟು ಹೋದ ಮೇಲೆ ಮಾತ್ರ ಧ್ವನಿ ತೆಗೆಯುವುದು ಎಂದು ತೀರ್ಮಾನಿಸಿದೆ.

ಬಾಗಿಲಲ್ಲಿ ಕೂತು ಕಡಲೆಕಾಯಿ ಸುಲಿಯುತ್ತಿದ್ದ ಅಜ್ಜಿಗೆ ಇದೆಲ್ಲ ತಮಾಷೆ.

"ಬಂದ್ಬುಟ್ಲು ಸಿನಿಮಾದೋಳು. ಏಯ್ ಪಾಪಾ, ನೀನು ಈರೋಯಿನ್ನು. ನಾನೇನಮ್ಮ? ವಿಲನ್ನಾ?"

"ನೀವೂ ಬನ್ನಿ ಅಜ್ಜಿ, ಮೊಮ್ಮಗಳ ಪಕ್ಕ ಕೂತ್ಕೊಳ್ಳಿ" ಎಂದೆ.

"ನಮ್ಮೂತಿ ತೆಗೀಬ್ಯಾಡ ಕಣಮ್ಮ. ನಿನ್ ಮಿಸಿನ್ನು ಒಡ್ದೋಯ್ತದೆ. ಆಮ್ಯಾಕೆ ನಿಮ್ಮಪ್ಪನ್ಗೆ ಯಾರು ಉತ್ತರ ಏಳೋರು?"

ಹುಡುಗಿಯ ತಂದೆ ಬ್ರಹ್ಮಸಮುದ್ರದಲ್ಲಿ ಸುಟ್ಟ ಮೋಟಾರುಗಳಿಗೆ ಹೊಸ ತಂತಿ ಸುತ್ತಿಕೊಡುವ ಕೆಲಸ ಮಾಡುತ್ತಾರೆ. ಹೆಸರು, ಊರು ಎಲ್ಲೂ ಬರಬಾರದು ಎಂಬ ಷರತ್ತಿನ ಮೇಲೆ ಒಪ್ಪಿಗೆ ಪತ್ರಕ್ಕೆ ಸಹಿ ಹಾಕಿದ್ದರು. ಸಹಿ ಹಾಕುವಾಗ ಅವರು ಹೇಳಿದ್ದು ಒಂದೇ ಮಾತು: "ಮೋಟ್ರು ಸುಟ್ರೆ ಸುತ್ಕೊಡ್ತೀನಮ್ಮ. ಇವಳ್ದು ನಂಗೆ ಸುತ್ತೋಕ್ ಬರಲ್ಲ."

ಕೇಂದ್ರದ ನರ್ಸ್ ನನಗೆ ನೋಡುವುದನ್ನು ಕಲಿಸಿದರು. ಹಿಂದೂಪುರದವರೇ, ಕನ್ನಡ ತೆಲುಗು ಎರಡನ್ನೂ ಒಂದೇ ಉಸಿರಿನಲ್ಲಿ ಆಡುವವರು. "ಮುಖಂ ಚೂಸ್ತೇ ಏನೂ ಗೊತ್ತಾಗಲ್ಲ ಮೇಡಂ. ಇಕ್ಕಡ ನೋಡಿ" ಎಂದು ಹುಡುಗಿಯ ಕೆಳರೆಪ್ಪೆಯನ್ನು ಹೆಬ್ಬೆರಳಿನಿಂದ ಎಳೆದು ಹಿಡಿದರು. ಒಳಗಿನ ಚರ್ಮ ಕೆಂಪಾಗಿರಬೇಕಾದಲ್ಲಿ ಸುಣ್ಣದ ನೀರಿನಂತಿತ್ತು. ಆಮೇಲೆ ಅಂಗೈ. ತಾಯಿಯ ಅಂಗೈ ಪಕ್ಕದಲ್ಲಿ ಮಗಳ ಅಂಗೈ ಇಟ್ಟರೆ ಬೇರೆ ಏನೂ ಹೇಳಬೇಕಾಗಿರಲಿಲ್ಲ. ಆಮೇಲೆ ಹೊಟ್ಟೆ: ಎಡ ಪಕ್ಕೆಲುಬಿನ ಕೆಳಗೆ, ಇಂಥ ಮಕ್ಕಳಲ್ಲಿ ಊದಿಕೊಳ್ಳುವ ಗುಲ್ಮ ಎಷ್ಟು ಬೆರಳು ಇಳಿದಿದೆ ಎಂದು ನರ್ಸ್ ಒತ್ತಿ ಎಣಿಸುವುದು. ಈ ಮೂರನ್ನೂ ಹತ್ತಿರದಿಂದ ತೆಗೆದೆ. ಬೆಳಿಗ್ಗೆ ಬರಿ ಹೊಟ್ಟೆಯಲ್ಲಿ ತಾಯಿ ಲೋಟದ ನೀರಿಗೆ ಮಾತ್ರೆ ಹಾಕಿ ಕದಡಿ ಕೊಡುವುದನ್ನೂ ತೆಗೆದೆ. ಬೇರೆಯವರ ರಕ್ತದ ಜೊತೆ ಬಂದು ಮೈಯಲ್ಲಿ ಉಳಿಯುವ ಕಬ್ಬಿಣವನ್ನು ಅದು ಇಳಿಸಬೇಕು. ಹುಡುಗಿ ಮೂಗು ಹಿಡಿದು ಒಂದೇ ಗುಟುಕಿಗೆ ಕುಡಿಯುತ್ತಿದ್ದಳು. ಲೋಟದ ತಳದಲ್ಲಿ ಉಳಿದದ್ದಕ್ಕೆ ತಾಯಿ ಮತ್ತೆ ನೀರು ಹಾಕಿ ಕೊಡುವಳು.

ಆದರೂ ಹೊಂದುತ್ತಿರಲಿಲ್ಲ. ಕೆಲವು ದಿನಗಳ ದೃಶ್ಯದಲ್ಲಿ ಕಾಯಿಲೆ ಕಾಣುತ್ತಿತ್ತು, ಕೆಲವು ದಿನಗಳದ್ದರಲ್ಲಿ ಇಲ್ಲವೇ ಇಲ್ಲ. ಪುಸ್ತಕವೊಂದರಲ್ಲಿ ಎಲ್ಲ ಶೂಟಿಂಗ್ ದಿನಗಳನ್ನು ಬರೆದು, ಪಕ್ಕದಲ್ಲಿ ರಕ್ತ ಏರಿಸಿದ ದಿನಗಳನ್ನು ಬರೆದೆ. ಆಗ ತಿಳಿಯಿತು. ಮೊದಲ ಸಲ ನಾನು ಹೋಗಿದ್ದು ರಕ್ತ ಏರಿಸಿದ ನಾಲ್ಕನೇ ದಿನ. ಆ ವಾರ ಅವಳು ಬೇರೆ ಮಕ್ಕಳ ಹಾಗೇ ಇರುತ್ತಾಳೆ. ಎರಡನೇ ವಾರ ಆಟ ನಡುವೆ ನಿಲ್ಲಿಸಿ ಕೂರುತ್ತಾಳೆ. ಮೂರನೇ ವಾರದ ಕೊನೆಯಲ್ಲಿ ಅಂಗಳ ದಾಟಿ ಬರುವುದರೊಳಗೆ ಮೂಗಿನ ಹೊಳ್ಳೆಗಳು ಅರಳುತ್ತವೆ, ಕಣ್ಣಿನ ಕೆಳಗೆ ಬೂದಿ ಬಳಿದಂತಾಗುತ್ತದೆ.

ಪುಸ್ತಕದ ಮೇಲ್ಭಾಗದಲ್ಲಿ ಬರೆದುಕೊಂಡೆ: ರಕ್ತಕ್ಕೆ ಎರಡು ದಿನ ಮೊದಲು. ಅಂದಿನಿಂದ ಶೂಟಿಂಗ್ ದಿನಗಳನ್ನು ಹಾಗೇ ಇಟ್ಟುಕೊಂಡೆ. ತಾಯಿಗೆ ಫೋನ್ ಮಾಡಿ ಕೇಳುತ್ತಿದ್ದೆ: "ರಕ್ತಕ್ಕೆ ಯಾವತ್ತು ಹೋಗ್ತೀರ? ಹಾಗಾದ್ರೆ ನಾನು ಅದಕ್ಕೆ ಎರಡು ದಿನ ಮುಂಚೆ ಬರ್ತೀನಿ." ಪೌಡರು ಬೇಡ ಎಂದೂ ಹೇಳಿದ್ದೆ. ಮುಂದಿನ ಸಲ ಹೋದಾಗ ಪೌಡರು ಇರಲಿಲ್ಲ. ಅದರ ಮುಂದಿನ ಸಲ ತಲೆಯೂ ಬಾಚಿರಲಿಲ್ಲ, ಫ್ರಾಕು ಹಳೆಯದು.

"ಯಾಕೆ, ತಲೆ ಬಾಚಿಲ್ವಾ?" ಎಂದೆ.

ತಾಯಿ ನಕ್ಕಳು. ನನಗಿಂತ ಎರಡು ಮೂರು ವರ್ಷ ದೊಡ್ಡವಳಿರಬಹುದು, ಆದರೂ ನನ್ನನ್ನು ಅಕ್ಕ ಅನ್ನುತ್ತಿದ್ದಳು. "ಇಂಗಿದ್ರೆ ತಾನೆ ಅಕ್ಕಾ ನಿಮ್ಗೆ ಬೇಕಾಗಿರೋದು?"

ನಾನು ಕಾರ್ಡು ತೆಗೆದು ಹುಡುಗಿಯ ಕೈಗೆ ಕೊಟ್ಟೆ.

ಒಮ್ಮೆ ಹುಡುಗಿಯ ತಂದೆಯ ಒಂದು ದಾಖಲೆ ಬೇಕಾಗಿ, ಶೂಟಿಂಗ್ ದಿನವಲ್ಲದ ದಿನ ಅವರ ಊರಿಗೆ ಹೋಗಬೇಕಾಯಿತು. ಕ್ಯಾಮೆರಾ ಜೊತೆಗಿತ್ತು. ರಕ್ತ ಏರಿಸಿ ಐದು ದಿನವಾಗಿತ್ತು. ಹುಡುಗಿ ಅಂಗಳದಲ್ಲಿ ಇಬ್ಬರು ಗೆಳತಿಯರ ಜೊತೆ ಕುಂಟೆಬಿಲ್ಲೆ ಆಡುತ್ತಿದ್ದಳು. ನನ್ನನ್ನು ಕಂಡು, ಒಂಟಿ ಕಾಲಲ್ಲೇ ಎಲ್ಲ ಮನೆಗಳನ್ನೂ ದಾಟಿ ತೋರಿಸಿ, ಕೊನೆಯಲ್ಲಿ ಎರಡೂ ಕಾಲೂರಿ ನಿಂತಳು.

"ಅಕ್ಕಾ, ಇದು ತೆಗ್ಯಲ್ವಾ?"

"ಬಿಸಿಲು ಜಾಸ್ತಿ ಇದೆ ಪುಟ್ಟಾ. ಬಿಳೀ ಆಗ್ಬಿಡುತ್ತೆ."

ಬಿಸಿಲು ಹಾಗೇನೂ ಇರಲಿಲ್ಲ. ಅವಳು ಮೇಲಕ್ಕೆ ನೋಡಿದಳು, ನನ್ನ ಚೀಲ ನೋಡಿದಳು, ಮತ್ತೆ ಆಟಕ್ಕೆ ಹೋದಳು. ಈ ದೃಶ್ಯ ಚಿತ್ರವನ್ನು ದುರ್ಬಲ ಮಾಡುತ್ತದೆ ಎಂಬುದು ಆಗಿನ ನನ್ನ ಲೆಕ್ಕ. ಒಂಬತ್ತು ನಿಮಿಷದಲ್ಲಿ ಎರಡು ಮಾತು ಹೇಳಲು ಆಗುವುದಿಲ್ಲ. ಒಂದನ್ನು ಬಿಡಬೇಕು ಎಂದು ಕಾಲೇಜಿನಲ್ಲಿ ಕಲಿತಿದ್ದೆ.

ಕೊನೆಯ ಸುತ್ತಿನ ಶೂಟಿಂಗ್ ಒಂದು ಮಂಗಳವಾರ ಇತ್ತು; ಗುರುವಾರ ಅವರು ರಕ್ತಕ್ಕೆ ಹೋಗಬೇಕು. ಸೋಮವಾರ ಬೆಳಿಗ್ಗೆ ಲೆನ್ಸ್ ಪರೀಕ್ಷಿಸಿದರೆ ಫೋಕಸ್ ಎಲ್ಲೂ ನಿಲ್ಲುತ್ತಿಲ್ಲ. ಹತ್ತಿರದ ದೃಶ್ಯಗಳಿಗೆಲ್ಲ ಅದೊಂದೇ ಲೆನ್ಸ್. ಬೆಂಗಳೂರಿಗೆ ರಿಪೇರಿಗೆ ಕಳಿಸಬೇಕಾಯಿತು. ತಾಯಿಗೆ ಫೋನ್ ಮಾಡಿದೆ.

"ನಾಳೆ ಬರೋಕಾಗಲ್ಲ. ಮುಂದಿನ ಮಂಗಳವಾರ ಬರ್ತೀನಿ."

"ಸರಿ ಅಕ್ಕಾ. ಮುಂದಿನ್ ಮಂಗ್ಳವಾರ. ಸರಿ."

ಅಷ್ಟೇ ಮಾತು. ಈ ಗುರುವಾರ ನೀವು ರಕ್ತಕ್ಕೆ ಹೋಗಿ ಬನ್ನಿ ಎಂದು ನಾನು ಹೇಳಲಿಲ್ಲ. ಅದು ಹೇಳಬೇಕಾದ ವಿಷಯ ಎಂದೇ ನನಗೆ ಹೊಳೆಯಲಿಲ್ಲ. ಅವರು ಹೋಗಿಯೇ ಹೋಗುತ್ತಾರೆ. ಮಂಗಳವಾರ ನಾನು ತಾಯಿಯ ಸಂದರ್ಶನ, ಮನೆಯ ಸದ್ದುಗಳು ಇಷ್ಟನ್ನು ಮುಗಿಸಿ ಬರುವುದು ಎಂದುಕೊಂಡಿದ್ದೆ.

ಮಂಗಳವಾರ ಹತ್ತೂವರೆಗೆ ತಲುಪಿದೆ. ಹುಡುಗಿ ನಡುಮನೆಯ ಮಂಚದ ಮೇಲೆ ಎರಡು ದಿಂಬಿಗೆ ಒರಗಿದ್ದಳು. ತುಟಿಯ ಬಣ್ಣವೂ ಮುಖದ ಬಣ್ಣವೂ ಒಂದೇ ಆಗಿತ್ತು. ಕತ್ತಿನ ಪಕ್ಕದ ನರ ಹೊಡೆದುಕೊಳ್ಳುವುದು ಬಾಗಿಲಿನಿಂದಲೇ ಕಾಣುತ್ತಿತ್ತು. ನಾನು ಬಂದೆ ಎಂದು ಏಳಲು ಹೋದಳು. ಏಳಲಾಗಲಿಲ್ಲ. ಕೈ ಚಾಚಿ, "ಕಾರ್ಡು ಕೊಡಿ" ಎಂದಳು.

ಆಗಲೇ ಕೇಳಬೇಕಾಗಿತ್ತು. ನನ್ನ ಪುಸ್ತಕದ ಪ್ರಕಾರ ಅದು ರಕ್ತ ಏರಿಸಿದ ಐದನೇ ದಿನ. ಐದನೇ ದಿನ ಅವಳು ಹೀಗೆ ಇರುವುದಿಲ್ಲ ಎಂದು ನನ್ನಷ್ಟು ಖಚಿತವಾಗಿ ಬರೆದಿಟ್ಟುಕೊಂಡವರು ಬೇರೆ ಯಾರೂ ಇರಲಿಲ್ಲ. ಪುಸ್ತಕ ಚೀಲದಲ್ಲಿತ್ತು. ಕೇಂದ್ರದವರೇ ದಿನ ಬದಲಿಸಿರಬೇಕು ಎಂದು ಒಂದು ಕ್ಷಣ ಅಂದುಕೊಂಡೆ. ಆಮೇಲೆ ಅದನ್ನೂ ಅಂದುಕೊಳ್ಳಲಿಲ್ಲ. ಕಿಟಕಿಯ ಬೆಳಕು ಪಕ್ಕದಿಂದ ಸರಿಯಾಗಿ ಬೀಳುತ್ತಿತ್ತು. ಕರೆಂಟು ಹೋಗಿತ್ತು, ಮೋಟಾರುಗಳ ಸದ್ದಿರಲಿಲ್ಲ. ಅವಳ ಉಸಿರು ಮೈಕಿನಲ್ಲಿ ಸ್ಪಷ್ಟವಾಗಿ ಕೇಳುತ್ತಿತ್ತು. ಲೆನ್ಸ್ ಹೊಸದರಂತೆ ಕೆಲಸ ಮಾಡುತ್ತಿತ್ತು. ನಲವತ್ತು ನಿಮಿಷ ತೆಗೆದೆ. ಮುಖ, ಕತ್ತು, ಹೊದಿಕೆಯ ಮೇಲಿನ ಕೈ, ಬೀಸಣಿಗೆ ಆಡಿಸುವ ಅಜ್ಜಿ. ಅಂದು ಅಜ್ಜಿ ಒಂದೂ ತಮಾಷೆಯ ಮಾತಾಡಲಿಲ್ಲ ಎಂಬುದು ಕೂಡ ಆಮೇಲೆ, ಸಂಕಲನ ಮಾಡುವಾಗ ಗಮನಕ್ಕೆ ಬಂದದ್ದು.

ಟ್ರೈಪಾಡು ಮಡಿಸುವಾಗ ಕೇಳಿದೆ: "ಮತ್ತೆ ಯಾವತ್ತು ರಕ್ತಕ್ಕೆ?"

"ನಾಡಿದ್ದು ಗುರ್ವಾರ."

"ಕಳೆದ ಗುರುವಾರ ಹೋಗಿದ್ರಲ್ಲ?"

"ಎಲ್ಲೋಗಿದ್ವಿ ಅಕ್ಕಾ? ನೀವು ಬರ್ಲಿಲ್ವಲ್ಲ."

ತಾಯಿ ನನ್ನ ಮುಖ ನೋಡಿ, ತಾನೇ ಏನೋ ತಪ್ಪು ಮಾಡಿದವಳಂತೆ ಬೇಗ ಬೇಗ ಹೇಳಿದಳು: "ರಕ್ತ ಹಾಕ್ಸ್ಬುಟ್ರೆ ಚೆನ್ನಾಗಾಗ್ಬುಡ್ತಾಳೆ, ಆಮ್ಯಾಕೆ ನೀವು ಬಂದೇನ್ ತೆಗೀತೀರ? ಅದ್ಕೇ ಒಂದ್ವಾರ ನಿಲ್ಸಿದ್ವಿ. ಬತ್ತೀನಿ ಅಂದೋರ್ನ ಬಿಟ್ಟು ನಾವು ಬಾಗ್ಲಾಕ್ಕೊಂಡು ಹೆಂಗೋಗೋದು?"

ಮಂಚದ ಪಕ್ಕದಲ್ಲಿದ್ದ ಅಜ್ಜಿ ಬೀಸಣಿಗೆ ನಿಲ್ಲಿಸಿ ಹೇಳಿದಳು: "ನಾ ಅವತ್ತೇ ಬಡ್ಕಂಡೆ. ಬ್ಯಾಡ ಕಣ್ರೇ, ಹೋಗ್ಬನ್ನಿ ಅಂತ. ಕೇಳೋರ್ಯಾರು?"

ಆ ಕಡೆಯ ಮನೆಗಳಲ್ಲಿ ಬರುತ್ತೇನೆ ಎಂದವರು ಬರುವವರೆಗೆ ಹೊಲಕ್ಕೂ ಹೋಗುವುದಿಲ್ಲ. ನನ್ನ ಮನೆಯಲ್ಲೂ ಹಾಗೇ. ಅದು ನನಗೆ ಗೊತ್ತಿಲ್ಲದ ರೂಢಿಯಲ್ಲ. ಉಳಿದದ್ದನ್ನು ನಾನೇ ಕಲಿಸಿದ್ದೆ.

ನಾನು ಬಂದಿದ್ದ ಬಾಡಿಗೆ ಕಾರಿನಲ್ಲೇ ಹನ್ನೆರಡು ಗಂಟೆಗೆ ಹೊರಟೆವು. ಹುಡುಗಿ ಹಿಂದಿನ ಸೀಟಿನಲ್ಲಿ ತಾಯಿಯ ತೊಡೆಯ ಮೇಲೆ ತಲೆ ಇಟ್ಟಿದ್ದಳು. ಮಲಗಿದರೆ ಉಸಿರು ಕಟ್ಟುತ್ತದೆಂದು ಪಾವಗಡದ ಹತ್ತಿರ ಎದ್ದು ಕೂತಳು. ಕೇಂದ್ರಕ್ಕೆ ತಲುಪಿದಾಗ ಮೂರೂವರೆ.

ನರ್ಸ್ ಕೆಳರೆಪ್ಪೆ ಎಳೆದು ನೋಡಿ ಬಿಟ್ಟರು. "ಏಮ್ಮಾ, ಇಪ್ಪುಡಾ ಬರೋದು? ಗುರುವಾರಂ ಪೂರ್ತಿ ಕಾದ್ವಿ. ಫೋನ್ ಮಾಡಿದ್ರೆ ಎತ್ತಲ್ಲ. ನಿಮ್ಮ ತಮ್ಮ ಕೊಟ್ಟಿದ್ದ ರಕ್ತಾನ ಮ್ಯಾಚ್ ಮಾಡಿ ಇಟ್ಟಿದ್ವಿ, ಶುಕ್ರವಾರ ಇನ್ನೊಂದು ಮಗುಗೆ ಹಾಕಿದ್ವಿ. ನೇನೇನ್ ಮಾಡ್ಲಿ ಈಗ?"

ತಾಯಿ ನನ್ನ ಕಡೆ ನೋಡಲಿಲ್ಲ. "ಮನೇಲಿ ನೆಂಟ್ರು ಬಂದಿದ್ರು ಸಿಸ್ಟರ್" ಎಂದಳು.

ನಾನು ಮುಂದೆ ಬಂದು, ಕಾರಣ ನಾನು, ಶೂಟಿಂಗ್‌ಗಾಗಿ ನಿಲ್ಲಿಸಿದರು ಎಂದೆ. ನರ್ಸ್ ನನ್ನ ಕೈಯಲ್ಲಿದ್ದ ಕ್ಯಾಮೆರಾ ಚೀಲವನ್ನು ನೋಡಿದರು. ಆಮ್ಲಜನಕದ ನಳಿಕೆ ತರಲು ಒಳಗೆ ಹೋದರು.

ವರ್ಷಗಟ್ಟಲೆ ಬೇರೆಬೇರೆಯವರ ರಕ್ತ ಪಡೆದ ಮಕ್ಕಳಿಗೆ ಗುಂಪು ಒಂದೇ ಆದರೂ ಎಲ್ಲ ರಕ್ತ ಹೊಂದುವುದಿಲ್ಲ. ಇನ್ನೊಬ್ಬ ಸೋದರಮಾವ ಹಿಂದಿನ ತಿಂಗಳಷ್ಟೇ ಕೊಟ್ಟಿದ್ದ, ಅಷ್ಟು ಬೇಗ ಮತ್ತೆ ಕೊಡುವ ಹಾಗಿರಲಿಲ್ಲ. ಅಂದು ಸಂಜೆ ತರಿಸಿದ ಎರಡು ಚೀಲಗಳೂ ಹೊಂದಲಿಲ್ಲ. ಹೊಂದುವ ರಕ್ತ ಸಿಕ್ಕಿದ್ದು ಮರುದಿನ ಮಧ್ಯಾಹ್ನ. ಅಷ್ಟು ಕೆಳಗೆ ಇಳಿದಾಗ ಒಮ್ಮೆಲೇ ಏರಿಸಿದರೆ ಹೃದಯ ತಡೆಯುವುದಿಲ್ಲ ಎಂದು ವೈದ್ಯೆ ಅರ್ಧ ಚೀಲವನ್ನು ನಿಧಾನವಾಗಿ, ಉಳಿದರ್ಧವನ್ನು ಮಾರನೆಯ ದಿನ ಕೊಟ್ಟರು. ಸ್ಕ್ಯಾನ್ ಮಾಡಿಸಿದರು. ಹೃದಯ ಹಿಗ್ಗಿತ್ತು. ಹಿಂದಿನಿಂದಲೇ ಸ್ವಲ್ಪ ಇದ್ದಿರಬಹುದು, ಈಗ ಹೆಚ್ಚಾಗಿದೆ ಎಂದರು. ಇದೊಂದು ವಾರದಿಂದಲೇ ಆದದ್ದೇ ಎಂದು ಕೇಳಿದೆ. ಹಾಗೆ ಹೇಳಲು ಬರುವುದಿಲ್ಲ, ಆಗಿಲ್ಲ ಎನ್ನಲೂ ಬರುವುದಿಲ್ಲ ಎಂದರು. ದಿನದ ಮಾತ್ರೆಗಳಿಗೆ ಇನ್ನೊಂದು ಸೇರಿತು. ಅದನ್ನು ಬಿಡುವ ಹಾಗಿಲ್ಲ.

ನಲವತ್ತು ನಿಮಿಷದ ಆ ದೃಶ್ಯಗಳನ್ನು ಚಿತ್ರದಲ್ಲಿ ಬಳಸುವುದಿಲ್ಲ ಎಂದು ಸಂಯೋಜಕರಿಗೆ ತಿಳಿಸಿದೆ.

"ಮೇಡಂ, ನಿಮ್ಮ ಬೇಜಾರು ನಂಗೆ ಅರ್ಥ ಆಗುತ್ತೆ. ಆದ್ರೆ ಆಗಿದ್ದು ಆಗೋಯ್ತು. ಅದೊಂದು ನೋಡಿದ್ರೆ ಸಾಕು, ಯಾರೂ ಇಲ್ಲ ಅನ್ನೋಕಾಗಲ್ಲ."

"ಮಾಮೂಲಿನಲ್ಲಿ ಅವಳು ಹಾಗಿರಲ್ಲ. ನಮ್ಮಿಂದ ಹಾಗಾದಳು."

"ಇವತ್ತು ನಿಮ್ಮಿಂದ. ನಾಳೆ ಬಸ್ಸು ಸಿಗ್ದೆ ಇದ್ರೆ ಹಂಗೇ ಆಗಲ್ವಾ?"

ನಾನು ಒಪ್ಪಲಿಲ್ಲ. ಹತ್ತು ದಿನ ಕಳೆದ ಮೇಲೆ ತಾಯಿಯ ಫೋನ್ ಬಂತು. ಸಂಯೋಜಕರು ಅವಳಿಗೆ ವಿಷಯ ಹೇಳಿದ್ದರು.

"ಅವತ್ತಿಂದು ಆಕಲ್ಲ ಅಂದ್ರಂತೆ?"

"ಹಾಕಲ್ಲ. ಅದು ಸರಿಯಲ್ಲ."

"ಯಾಕ್ ಸರಿಯಲ್ಲ? ಒಂದ್ವಾರ ಉಸ್ರಿಡ್ಕೊಂಡು ಕೂತಿದ್ಲಲ್ಲ ಅಕ್ಕಾ ಅವ್ಳು, ನೀವು ಬತ್ತೀರ ಅಂತ. ಅದನ್ನೂ ಆಕ್ಲಿಲ್ಲ ಅಂದ್ರೆ ಯಾಕ್ ಕೂತಿದ್ಲು ಸುಮ್ನೆ? ಅದನ್ನೂ ಆಕಿ. ಬೆಡ್ಡು ಬಂದ್ರೆ ಸಾಕು ನಂಗೆ."

ನಾನು ನಿರ್ಧಾರ ಬದಲಿಸಿದ್ದು ಆಗ. ಅವಳ ಮಾತು ಸರಿ ಎನಿಸಿತ್ತೋ, ಅವಳಿಗೆ ಇಲ್ಲ ಎನ್ನುವ ಧೈರ್ಯ ಇರಲಿಲ್ಲವೋ, ಈಗಲೂ ಬೇರ್ಪಡಿಸಿ ಹೇಳಲಾರೆ. ನಲವತ್ತು ನಿಮಿಷವನ್ನು ಒಂದು ನಿಮಿಷ ಐವತ್ತು ಸೆಕೆಂಡಿಗೆ ಇಳಿಸಿದೆ. ಚಿತ್ರದ ಮೊದಲಿಗೇ ಇಟ್ಟೆ. ಸಂಗೀತ ಹಾಕಲಿಲ್ಲ, ಬಣ್ಣ ಮಂಕು ಮಾಡಲಿಲ್ಲ. ಬೂದು ಕಾರ್ಡು ಹೇಳಿದ ಬಣ್ಣವನ್ನೇ ಉಳಿಸಿದೆ. ಅಂದು ರಕ್ತ ಒಂದು ವಾರ ತಡವಾಗಿತ್ತು, ಚಿತ್ರೀಕರಣದ ಕಾರಣಕ್ಕೆ, ಎಂದು ಕೆಳಗೆ ಎರಡು ಸಾಲು ಬರೆಯಲು ಹೋದೆ. "ಕೇಳೋಕೆ ಹೋಗೋರು ನಮ್ಮ ತಪ್ಪನ್ನ ನಾವೇ ಬರ್ದು ಕೊಡೋದಾ?" ಎಂದರು ಸಂಯೋಜಕರು. ಸಾಲುಗಳನ್ನು ತೆಗೆದೆ.

ಸಭೆ ಕಲ್ಯಾಣದುರ್ಗದಲ್ಲಿ, ಆಸ್ಪತ್ರೆಯ ಮೇಲಿನ ಕೋಣೆಯಲ್ಲಿ ನಡೆಯಿತು. ಕಿಟಕಿಗಳಿಗೆ ಪರದೆ ಇರಲಿಲ್ಲ. ಹೊರಗಿನ ಬೆಳಕಿನಿಂದಾಗಿ ಪ್ರೊಜೆಕ್ಟರಿನ ಚಿತ್ರ ಮಾಸಿದಂತೆ ಬಿದ್ದು, ಹುಡುಗಿಯ ಪಕ್ಕದಲ್ಲಿದ್ದ ತಾಯಿ, ಅಜ್ಜಿ ಎಲ್ಲರೂ ರಕ್ತ ಇಲ್ಲದವರಂತೆ ಕಂಡರು. ಮೊದಲ ಎರಡು ನಿಮಿಷ ಯಾರೂ ಅಲುಗಾಡಲಿಲ್ಲ. ಒಬ್ಬರು ಮೊಬೈಲನ್ನು ಮಗುಚಿ ಇಟ್ಟರು. ಚಿತ್ರ ಮುಗಿದ ಮೇಲೆ ಆಸ್ಪತ್ರೆಯ ಹಿರಿಯ ವೈದ್ಯರು ಪೆನ್ನು ಕೆಳಗಿಟ್ಟು ಮಾತಾಡಿದರು. ಅವರ ದನಿಯಲ್ಲಿ ಉಡಾಫೆ ಇರಲಿಲ್ಲ.

"ತುಂಬಾ ಸೀರಿಯಸ್ ಕಣಮ್ಮ ಈ ಮಗು. ಇಲ್ಲಿ ಎರಡು ಬೆಡ್ ಹಾಕ್ಕೊಂಡು, ರಾತ್ರಿ ಡಾಕ್ಟರಿಲ್ದೆ, ಇಂಥ ಮಕ್ಕಳನ್ನ ನೋಡ್ಕೊಳೋಕಾಗಲ್ಲ. ಏನಾದ್ರೂ ಆದ್ರೆ? ಇವರೆಲ್ಲ ದೊಡ್ಡಾಸ್ಪತ್ರೆಗೇ ಹೋಗ್ಬೇಕು."

"ಸರ್, ಯಾವಾಗ್ಲೂ ಹೀಗಿರಲ್ಲ" ಎಂದರು ಸಂಯೋಜಕರು.

"ಹಂಗಾದ್ರೆ ಇದೇನು, ಸುಳ್ಳಾ?"

ನಾನು ಎದ್ದು ನಿಂತೆ. ಸಭೆಗಳಲ್ಲಿ ಮಾತಾಡಿ ಅಭ್ಯಾಸವಿಲ್ಲ. ಸುಳ್ಳಲ್ಲ, ಅಂದು ರಕ್ತ ಒಂದು ವಾರ ತಡವಾಗಿತ್ತು, ಅದು ನನ್ನ ಶೂಟಿಂಗ್‌ನಿಂದ ಆದದ್ದು, ಸಮಯಕ್ಕೆ ರಕ್ತ ಸಿಕ್ಕರೆ ಅವಳು ಆಡುತ್ತಾಳೆ, ಶಾಲೆಗೆ ಹೋಗುತ್ತಾಳೆ ಎಂದೆ.

ಅವರು ಸಾವಧಾನವಾಗಿ ಕೇಳಿಸಿಕೊಂಡರು. "ನಿಜ ಹೇಳಿದ್ರಿ, ಒಳ್ಳೇದು. ಆದ್ರೆ ಒಂದು ವಾರ ತಡ ಆದ್ರೆ ಹೀಗಾಗ್ತಾಳೆ ಅಂದ್ರೆ, ನಮ್ಮಲ್ಲಿ ಒಂದು ವಾರ ರಕ್ತ ಸಿಗ್ಲಿಲ್ಲ ಅನ್ಕೊಳ್ಳಿ. ಆಗೇನ್ಮಾಡೋಣ?"

ಅರ್ಜಿಯನ್ನು ಮುಂದಕ್ಕೆ ಹಾಕಿದರು. ಮುಂದಕ್ಕೆ ಹಾಕುವುದು ಎಂದರೆ ಏನೆಂದು ಆ ಕೋಣೆಯಲ್ಲಿದ್ದ ಎಲ್ಲರಿಗೂ ಗೊತ್ತಿತ್ತು. ಮೆಟ್ಟಿಲಿಳಿಯುವಾಗ ಸಂಯೋಜಕರು, "ಬೇರೆ ಕಡೆ ತೋರ್ಸೋಣ ಮೇಡಂ, ಚಿತ್ರ ಚೆನ್ನಾಗಿ ಬಂದೈತೆ" ಎಂದರು. ಬೇಡ ಎಂದೆ. ಅವರು ಒತ್ತಾಯಿಸಲಿಲ್ಲ.

ತಾಯಿ ಮಗಳು ಮುಂದಿನ ಸಲ ರಕ್ತಕ್ಕೆ ಬಂದ ದಿನ ಕೇಂದ್ರಕ್ಕೆ ಹೋದೆ. ಕ್ಯಾಮೆರಾ ಒಯ್ದಿರಲಿಲ್ಲ. ಒಳಗೆ ಹುಡುಗಿ ನಿದ್ದೆ ಹೋಗಿದ್ದಳು. ಚೀಲ ಮುಕ್ಕಾಲು ಖಾಲಿಯಾಗಿತ್ತು. ತಾಯಿ ಹೊರಗಿನ ಬೆಂಚಿನ ಮೇಲೆ ಬುತ್ತಿ ಮುಗಿಸಿ ಡಬ್ಬಿ ಕಟ್ಟುತ್ತಿದ್ದಳು. ಸಭೆಯಲ್ಲಿ ನಡೆದದ್ದನ್ನು ನಡೆದ ಕ್ರಮದಲ್ಲೇ ಹೇಳಿದೆ.

"ಪೂರ್ತಿ ನೋಡಿದ್ರಾ ಅವ್ರು?"

"ಪೂರ್ತಿ ನೋಡಿದ್ರು."

"ಅವತ್ತಿಂದೂ?"

"ಅದನ್ನ ನೋಡಿಯೇ ಹೇಳಿದ್ದು. ಇಷ್ಟು ಕಾಯಿಲೆ ಇರೋ ಮಗೂನ ಇಲ್ಲಿ ನೋಡ್ಕೊಳೋಕಾಗಲ್ಲ ಅಂತ."

ತಾಯಿ ಡಬ್ಬಿಯ ಮುಚ್ಚಳ ಒತ್ತಿದಳು. ಅದು ಕೂರಲಿಲ್ಲ, ತೆಗೆದು ಮತ್ತೆ ಒತ್ತಿದಳು.

"ಅವತ್ತು ಅಂಗಿದ್ಲು. ದಿನಾ ಅಂಗಿರ್ತಾಳಾ? ಅಷ್ಟು ಸಲ ಬಂದ್ರಲ್ಲ ಅಕ್ಕಾ ನೀವು. ಚೆನ್ನಾಗಿರೋದು ನೀವು ನೋಡೇ ಇಲ್ವಾ?"

"ನೋಡಿದೀನಿ."

"ಮತ್ತೆ?"

"ತೆಗೀಲಿಲ್ಲ" ಎಂದೆ.

ಒಳಗಿನಿಂದ ನರ್ಸ್ ಕರೆದರು, ಚೀಲ ಮುಗಿದಿತ್ತು. ತಾಯಿ ಎದ್ದು ಹೋಗಿ, ಸೂಜಿ ತೆಗೆದ ಜಾಗಕ್ಕೆ ಹತ್ತಿ ಒತ್ತಿ ಹಿಡಿದು ಮಗಳನ್ನು ಎಬ್ಬಿಸಿದಳು. ನಾಲ್ಕರ ಬಸ್ಸು ತಪ್ಪಿದರೆ ಕಲ್ಯಾಣದುರ್ಗದಲ್ಲಿ ಊರಿನ ಬಸ್ಸು ಸಿಗುವುದಿಲ್ಲ. ಹೋಗಿ ಬರುತ್ತೇವೆ ಎಂದು ಇಬ್ಬರೂ ಹೇಳಿದರು. ಬಸ್‌ಸ್ಟ್ಯಾಂಡಿನ ರಸ್ತೆಯಲ್ಲಿ ಹುಡುಗಿ ತಾಯಿಗಿಂತ ಹತ್ತು ಹೆಜ್ಜೆ ಮುಂದಿದ್ದಳು. ಬೇಗ ಬಾ ಎಂದು ತಿರುಗಿ ತಿರುಗಿ ಕೈ ಬೀಸುತ್ತಿದ್ದಳು.